ಮ್ಯುಟೇಶನ್ ಎಂದರೆ ರೋಗವೆಂದೇ ಅರ್ಥವೇ?

ಪ್ರಶ್ನೆ: ನನ್ನ ಅಕ್ಕನಿಗೆ 46ನೇ ವಯಸ್ಸಿನಲ್ಲಿ ಸ್ತನ ಕ್ಯಾನ್ಸರ್ ಬಂದಿತ್ತು. ಚಿಕಿತ್ಸೆ ಮುಗಿದು ಈಗ ಚೆನ್ನಾಗಿದ್ದಾಳೆ. ಅವಳ ಜೀನ್ ಪರೀಕ್ಷೆಯ ವರದಿಯಲ್ಲಿ ‘ಬಿಆರ್‌ಸಿಎ2: ವೇರಿಯಂಟ್ ಆಫ್ ಅನ್‌ಸರ್ಟನ್ ಸಿಗ್ನಿಫಿಕೆನ್ಸ್’ ಎಂದು ಬರೆದಿದ್ದಾರೆ. ಅದನ್ನು ಕೇಳಿದ ಚಿಕ್ಕಮ್ಮ, ‘ಮ್ಯುಟೇಶನ್ ಇದೆಯಂತೆ, ನೀನೂ ಪರೀಕ್ಷೆ ಮಾಡಿಸಿ ಮುಂಚೆಯೇ ಆಪರೇಶನ್ ಮಾಡಿಸಿಕೊಂಡುಬಿಡು’ ಎನ್ನುತ್ತಾರೆ. ವೈದ್ಯರು ‘ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ’ ಎಂದರು. ಎರಡನೇ ಪಿಯುಸಿಯಲ್ಲಿರುವ ನನ್ನ ಮಗ ತನ್ನ ಪುಸ್ತಕ ತೋರಿಸಿ, ಜೀವವಿಕಾಸಕ್ಕೆ ಮ್ಯುಟೇಶನ್ನೇ ಮೂಲ ಎನ್ನುತ್ತಾನೆ. ಇವರೆಲ್ಲ ಒಂದೇ ವಿಷಯದ ಬಗ್ಗೆ ಮಾತನಾಡುತ್ತಿದ್ದಾರೆಯೇ? ನನಗೆ 41 ವರ್ಷ. ನಾನೇನು ಮಾಡಬೇಕು?
(ಓದುಗರು, ಬಸವನಗುಡಿ, ಬೆಂಗಳೂರು)

ಉತ್ತರ: ಆತಂಕದ ವಿಷಯವನ್ನು ಮೊದಲು ಮುಗಿಸೋಣ. ನಿಮ್ಮ ಅಕ್ಕನವರ ವರದಿಯಲ್ಲಿರುವ, ‘ಬಿಆರ್‌ಸಿಎ2 ಎಂಬ ಜೀನಿನಲ್ಲಿ ಅರ್ಥ ನಿಶ್ಚಯವಾಗದ ವ್ಯತ್ಯಾಸ’ ಎನ್ನುವ ಆ ಒಂದು ಸಾಲನ್ನು ನಂಬಿಕೊಂಡು ಅವರಾಗಲಿ ನೀವಾಗಲಿ ಯಾವ ಶಸ್ತ್ರಚಿಕಿತ್ಸೆಯನ್ನೂ ಯೋಚಿಸಬೇಕಾಗಿಲ್ಲ. ವೈದ್ಯರು ಹೇಳಿದ್ದು ಸರಿಯಾಗಿದೆ. ಆದರೆ ‘ಲೆಕ್ಕಕ್ಕೆ ಹಿಡಿಯಬೇಡಿ’ ಎಂಬ ಮಾತು ಆ ಸಾಲಿಗೆ ಮಾತ್ರ ಅನ್ವಯಿಸುತ್ತದೆ, ಒಡಹುಟ್ಟಿದವರಿಗೆ 46ರಲ್ಲೇ ಸ್ತನ ಕ್ಯಾನ್ಸರ್ ಬಂದಿತ್ತು ಎಂಬ ಸಂಗತಿಗೆ ಅನ್ವಯಿಸುವುದಿಲ್ಲ. ಈ ಎರಡರ ನಡುವಿನ ಅಂತರ ತಿಳಿಯಬೇಕಾದರೆ ನೀವು ಕೇಳಿರುವ ಪದದ ಜಾಡು ಹಿಡಿದು ಸ್ವಲ್ಪ ದೂರ ಹೋಗಿಬರಬೇಕಾಗುತ್ತದೆ. ವರದಿಯಲ್ಲಿ ‘ಮ್ಯುಟೇಶನ್’ ಎಂಬ ಪದವೇ ಇಲ್ಲ, ಇರುವುದು ‘ವೇರಿಯಂಟ್’ ಎಂಬುದನ್ನು ಗಮನಿಸಿ. ಬರೆದವರು ಬೇಕೆಂದೇ ಆ ಪದವನ್ನು ಬಿಟ್ಟಿದ್ದಾರೆ. ಮನೆಯವರೆಗೆ ಬರುವಷ್ಟರಲ್ಲಿ ಬಿಟ್ಟ ಪದವೇ ಮತ್ತೆ ಸೇರಿಕೊಂಡಿದೆ.

ವಿಚಿತ್ರವೆಂದರೆ, ಕನ್ನಡಿಗರಿಗೆ ಮ್ಯುಟೇಶನ್ ಹೊಸ ಪದವಲ್ಲ. ಊರಿನಲ್ಲಿ ಒಂದು ಎಕರೆ ಜಮೀನಿರುವ ಯಾರನ್ನಾದರೂ ಕೇಳಿ ನೋಡಿ. ನನ್ನ ತಂದೆಯವರು ತೀರಿಕೊಂಡ ಮೇಲೆ ಪೌತಿ ಖಾತೆಗಾಗಿ ನಾನು ತಾಲ್ಲೂಕು ಕಚೇರಿಗೆ ಐದಾರು ಬಾರಿ ಅಲೆದಾಗ ಕಿವಿಗೆ ಬಿದ್ದ ಪ್ರಶ್ನೆ ಒಂದೇ: ‘ಮ್ಯುಟೇಶನ್ ಆಯ್ತಾ ಸಾರ್?’ ಲ್ಯಾಟಿನ್ನಿನಲ್ಲಿ ‘ಬದಲಾಯಿಸು’ ಎಂಬ ಅರ್ಥ ಕೊಡುವ ಧಾತುವಿನಿಂದ ಬಂದ ಈ ಪದ ಕಂದಾಯ ದಾಖಲೆಯಲ್ಲಿ ಹಕ್ಕಿನ ಬದಲಾವಣೆಯನ್ನಷ್ಟೇ ಹೇಳುತ್ತದೆ. ಆ ಬದಲಾವಣೆ ಒಳ್ಳೆಯದೋ ಕೆಟ್ಟದ್ದೋ ಎಂಬುದು ಪದದೊಳಗೆ ಇಲ್ಲ. ಅಲ್ಲಿನ ಬಳಕೆಯಲ್ಲಿ ಇನ್ನೊಂದು ಸೂಕ್ಷ್ಮವೂ ಇದೆ. ‘ಮ್ಯುಟೇಶನ್ ಆಯಿತು’ ಎಂದಾಗ ಅದು ಒಂದು ಕ್ರಿಯೆ. ‘ಮ್ಯುಟೇಶನ್ ತೆಗೆಸಿಕೊಂಡು ಬನ್ನಿ’ ಎಂದಾಗ ಆ ಕ್ರಿಯೆಯಿಂದ ಹುಟ್ಟಿದ ಕಾಗದ. ತಳಿವಿಜ್ಞಾನದಲ್ಲಿಯೂ ಈ ಪದ ಹೀಗೆಯೇ ಎರಡು ದೋಣಿಯಲ್ಲಿ ಕಾಲಿಟ್ಟಿದೆ. ಡಿಎನ್‌ಎಯಲ್ಲಿ ಬದಲಾವಣೆ ನಡೆಯುವ ಘಟನೆಯೂ ಮ್ಯುಟೇಶನ್, ಆ ಬದಲಾವಣೆಯಾದ ಮೇಲೆ ತಲೆಮಾರುಗಳಲ್ಲಿ ಇಳಿದುಬರುವ ಬದಲಾದ ಪಾಠವೂ ಮ್ಯುಟೇಶನ್. ಅಕ್ಕನವರಲ್ಲಿ ಕಂಡದ್ದು ಎರಡನೆಯ ಬಗೆಯದಿರಬಹುದು: ಅದು ಅವರಲ್ಲೇ ‘ಆದದ್ದು’ ಎನ್ನಲು ಆಧಾರವಿಲ್ಲ, ಮುತ್ತಜ್ಜಿಯ ಮುತ್ತಜ್ಜಿಯಲ್ಲಿ ಎಂದೋ ಆಗಿ ಸದ್ದಿಲ್ಲದೆ ಇಳಿದುಬಂದಿರಬಹುದು.

ವಿಜ್ಞಾನದಲ್ಲಿ ಈ ಪದದ ಅರ್ಥ ಒಂದೇ ಕಡೆ ನಿಂತದ್ದೂ ಇಲ್ಲ. 1869ರಲ್ಲಿ ವಿಲ್ಹೆಲ್ಮ್ ವಾಗೆನ್ ಎಂಬ ಜರ್ಮನ್ ಪಳೆಯುಳಿಕೆ ತಜ್ಞರು, ಕಲ್ಲಿನ ಪದರದಿಂದ ಪದರಕ್ಕೆ ಅಮ್ಮೋನೈಟ್ ಎಂಬ ಸುರುಳಿ ಚಿಪ್ಪಿನ ಪ್ರಾಣಿಗಳಲ್ಲಿ ಕಾಣುವ ಸಣ್ಣ ಸಣ್ಣ ಬದಲಾವಣೆಗಳಿಗೆ ಈ ಹೆಸರಿಟ್ಟರು. (ಇವರು ಮುಂದೆ ನಮ್ಮ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆಯಲ್ಲಿ ಕೆಲಸ ಮಾಡಿದರು.) ಅಂದರೆ ಅವರ ಮ್ಯುಟೇಶನ್ ನಿಧಾನದ್ದು. ಮೂವತ್ತು ವರ್ಷ ಕಳೆಯುವಷ್ಟರಲ್ಲಿ ಪದ ತಲೆಕೆಳಗಾಯಿತು. ನೆದರ್ಲೆಂಡ್ಸಿನ ಹ್ಯೂಗೋ ಡ ವ್ರೀಸ್ 1886ರಲ್ಲಿ ಹಿಲ್ವರ್ಸಮ್ ಊರಿನ ಬಳಿ ಪಾಳುಬಿದ್ದ ಆಲೂಗಡ್ಡೆ ಹೊಲವೊಂದರಲ್ಲಿ ಹಳದಿ ಹೂವಿನ ಈನೋಥೆರಾ ಗಿಡಗಳನ್ನು ಕಂಡರು. ಅವುಗಳ ನಡುವೆ ತಾಯಿಗಿಡವನ್ನು ಹೋಲದ ಕೆಲವು ಗಿಡಗಳಿದ್ದವು. ಅವುಗಳನ್ನು ವರ್ಷಾನುಗಟ್ಟಲೆ ಬೆಳೆಸಿ ನೋಡಿದ ಡ ವ್ರೀಸ್, ಹೊಸ ಪ್ರಭೇದವೇ ಒಂದೇ ನೆಗೆತಕ್ಕೆ ಹುಟ್ಟುತ್ತದೆ ಎಂಬ ವಾದವನ್ನು 1901ರಲ್ಲಿ ಗ್ರಂಥರೂಪದಲ್ಲಿ ಮುಂದಿಟ್ಟು, ಆ ನೆಗೆತವನ್ನು ಮ್ಯುಟೇಶನ್ ಎಂದರು. ಅವರು ಕಂಡ ಹೊಸ ಗಿಡಗಳಲ್ಲಿ ಹಲವು, ಡಿಎನ್‌ಎಯನ್ನು ಹೊತ್ತ ಕಟ್ಟುಗಳಾದ ಕ್ರೋಮೋಸೋಮುಗಳ ಸಂಖ್ಯೆಯೇ ಏರುಪೇರಾದವು ಎಂಬುದು ಆಮೇಲೆ ತಿಳಿದುಬಂತು. ಇಂದು ನಾವು ಸಾಮಾನ್ಯವಾಗಿ ಜೀನ್ ಮ್ಯುಟೇಶನ್ ಎನ್ನುವುದು ಅದಲ್ಲ. ಸಿದ್ಧಾಂತ ಬಿದ್ದುಹೋಯಿತು, ಪದ ಉಳಿಯಿತು.

ನಿಮ್ಮ ಮಗನ ಪುಸ್ತಕದಲ್ಲಿಯೂ ಈ ಎರಡು ಅರ್ಥಗಳಿವೆ. ವಿಕಾಸದ ಅಧ್ಯಾಯದಲ್ಲಿ ಡ ವ್ರೀಸ್ ಅವರ ನೆಗೆತ ಬರುತ್ತದೆ. ಆನುವಂಶಿಕತೆಯ ಅಧ್ಯಾಯದಲ್ಲಿ ಡಿಎನ್‌ಎ ಸರಣಿಯ ಬದಲಾವಣೆ ಎಂಬ ಇಂದಿನ ಅರ್ಥ ಬರುತ್ತದೆ. ಎರಡನ್ನೂ ಒಂದೇ ಎಂದು ಓದುವ ಮಕ್ಕಳನ್ನು ನಾನು ತರಗತಿಯಲ್ಲಿ ಪ್ರತಿ ವರ್ಷವೂ ನೋಡಿದ್ದೇನೆ. ತಪ್ಪು ಅವರದಲ್ಲ.

ಇಂದಿನ ಅರ್ಥವನ್ನು ಹತ್ತಿರದಿಂದ ನೋಡೋಣ. ಡಿಎನ್‌ಎಯ ಭಾಷೆಯಲ್ಲಿ ನಾಲ್ಕೇ ಅಕ್ಷರಗಳು, ಮೂರು ಮೂರು ಅಕ್ಷರ ಸೇರಿದರೆ ಒಂದು ಪದ. ಕನ್ನಡದಲ್ಲಿ ಮೂರಕ್ಷರದ ಪದಗಳನ್ನೇ ಆಯ್ದು ‘ಕಮಲ ಸರಳ ಹುಡುಗಿ’ ಎಂದು ಬರೆದಿದ್ದೇವೆ ಎಂದುಕೊಳ್ಳಿ. ಎರಡನೆಯ ಪದದ ಮೊದಲ ಅಕ್ಷರವೊಂದು ಬದಲಾಗಿ ‘ಕಮಲ ವಿರಳ ಹುಡುಗಿ’ ಎಂದಾದರೆ ವಾಕ್ಯವೇನೋ ನಿಲ್ಲುತ್ತದೆ, ಅರ್ಥ ಬೇರೆಯಾಗುತ್ತದೆ. ಆ ಬೇರೆ ಅರ್ಥದಿಂದ ಕೆಲಸ ಕೆಡುತ್ತದೆಯೋ ಇಲ್ಲವೋ ಎಂಬುದನ್ನು ವಾಕ್ಯವನ್ನಷ್ಟೇ ನೋಡಿ ಹೇಳಲಾಗದು. ಕಮಲಳ ಬಗ್ಗೆ ತಿಳಿದಿರಬೇಕು. ಬದಲಿಗೆ ಮೊದಲ ಪದದ ‘ಮ’ ಒಂದೇ ಅಳಿಸಿಹೋಗಿ, ಉಳಿದ ಅಕ್ಷರಗಳನ್ನು ಯಂತ್ರ ಎಂದಿನಂತೆ ಮೂರು ಮೂರಾಗಿ ಓದಿದರೆ? ‘ಕಲಸ ರಳಹು ಡುಗಿ’. ಮೊದಲ ಪದ ಹೇಗೋ ಕಿವಿಗೆ ಪರಿಚಿತವೆನಿಸುತ್ತದೆ, ಅಲ್ಲಿಂದ ಮುಂದೆ ಎಲ್ಲವೂ ಕಲಸುಮೇಲೋಗರ. ಇದಕ್ಕೆ ‘ಫ್ರೇಮ್‌ಶಿಫ್ಟ್’ ಎನ್ನುತ್ತಾರೆ. ಜೀನಿನ ಪ್ರೋಟೀನು ಇಲ್ಲಿ ಅರ್ಧಕ್ಕೇ ಮುರಿದುಬೀಳುವ ಸಂಭವ ಹೆಚ್ಚು. ಬಿಆರ್‌ಸಿಎ2ರಲ್ಲಿ ಇಂಥದ್ದು ಕಂಡರೆ ಸಾಮಾನ್ಯವಾಗಿ ತಜ್ಞರಿಗೆ ಅನುಮಾನ ಉಳಿಯುವುದಿಲ್ಲ. ‘ಸರಳ’ ‘ವಿರಳ’ವಾಗುವ ಬಗೆಯದು, ಅಂದರೆ ‘ಮಿಸ್‌ಸೆನ್ಸ್’ ಎನ್ನುವುದು ಕಂಡಾಗಲೇ ಅವರು ಗಲ್ಲಕ್ಕೆ ಕೈಹಚ್ಚಿ ಕೂರುವುದು. ಆ ಜೀನಿನ ಪ್ರೋಟೀನಿನಲ್ಲಿ 3,418 ಅಮೈನೋ ಆಮ್ಲಗಳಿವೆ, ಒಂದೊಂದು ಮೂರಕ್ಷರದ ಪದಕ್ಕೂ ಒಂದೊಂದು. ಅವುಗಳಲ್ಲಿ ಯಾವುದೋ ಒಂದು ಬದಲಾದರೆ ಏನಾಗುತ್ತದೆ ಎಂದು ಪ್ರತಿಯೊಂದಕ್ಕೂ ಇನ್ನೂ ಸಾಕ್ಷ್ಯ ಕೂಡಿಬಂದಿಲ್ಲ.

ಪ್ರಯೋಗಾಲಯದ ಜನರಿಗೆ ‘ಮ್ಯುಟೆಂಟ್’, ಅಂದರೆ ಮ್ಯುಟೇಶನ್ ಹೊತ್ತ ಜೀವಿ, ಎಂಬುದು ಬೈಗುಳವಲ್ಲ, ಆಸ್ತಿ. 1910ರಲ್ಲಿ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಥಾಮಸ್ ಹಂಟ್ ಮಾರ್ಗನ್ ಅವರ ಬಾಟಲಿಗಳಲ್ಲಿ, ಕೆಂಪು ಕಣ್ಣಿನ ಹಣ್ಣುನೊಣಗಳ ನಡುವೆ ಬಿಳಿ ಕಣ್ಣಿನ ಗಂಡು ನೊಣವೊಂದು ಸಿಕ್ಕಿತು. ಜೀನು ಕ್ರೋಮೋಸೋಮಿನ ಮೇಲೆ ಕೂತಿದೆ ಎಂಬ ತಿಳಿವಳಿಕೆ ಗಟ್ಟಿಯಾದದ್ದು ಆ ನೊಣದ ಸಂತಾನದಿಂದ. ನಮ್ಮ ಬೆಂಗಳೂರಿನ ಜಿಕೆವಿಕೆ ಆವರಣದ ರಾಷ್ಟ್ರೀಯ ಜೈವಿಕ ವಿಜ್ಞಾನಗಳ ಕೇಂದ್ರವನ್ನು ಕಟ್ಟಿದ ಒಬೈದ್ ಸಿದ್ದಿಕಿ ಅವರು ಬಿಸಿ ಏರಿದೊಡನೆ ಮರಗಟ್ಟಿ ಬೀಳುವ ನೊಣಗಳನ್ನೂ, ವಾಸನೆ ರುಚಿ ಹತ್ತದ ನೊಣಗಳನ್ನೂ ಹುಡುಕಿ ಹುಡುಕಿ ಸಾಕಿದರು. ನರಗಳು ಹೇಗೆ ಕೆಲಸ ಮಾಡುತ್ತವೆ ಎಂಬುದನ್ನು ಅಂಥ ಕೆಟ್ಟ ನೊಣಗಳೇ ಹೇಳಿಕೊಟ್ಟವು. 1927ರಲ್ಲಿ ಹರ್ಮನ್ ಮುಲ್ಲರ್ ಎಕ್ಸ್‌-ರೇ ಹಾಯಿಸಿ ಮ್ಯುಟೇಶನ್ ಹೆಚ್ಚಿಸಬಹುದೆಂದು ತೋರಿಸಿದ ಮೇಲೆ ಕೃಷಿಯವರೂ ಅದನ್ನು ಕೈಗೆತ್ತಿಕೊಂಡರು. ಟ್ರಾಂಬೆಯ ಭಾಭಾ ಅಣು ಸಂಶೋಧನಾ ಕೇಂದ್ರದಲ್ಲಿ ಹೀಗೆ ಪಡೆದ ಮ್ಯುಟೆಂಟುಗಳಿಂದ ಬಂದ ಶೇಂಗಾ ತಳಿಗಳಲ್ಲಿ ಟಿಎಜಿ-24 ರೈತರಲ್ಲಿ ಹೆಸರಾದದ್ದು. ನಿಮ್ಮ ಬಸವನಗುಡಿಯ ಕಡಲೆಕಾಯಿ ಪರಿಷೆಯಲ್ಲಿ ಸೇರಿನ ಲೆಕ್ಕದಲ್ಲಿ ಕೊಳ್ಳುವ ಕಾಯಿಯ ನಡುವೆ ಅಂಥ ತಳಿಯದೂ ಬೆರೆತಿದ್ದರೆ ಆಶ್ಚರ್ಯಪಡಬೇಕಾಗಿಲ್ಲ.

ಇಲ್ಲಿ ಹೆಸರಿಡುವ ಪದ್ಧತಿಯ ಬಗ್ಗೆ ಒಂದು ಮಾತು ಹೇಳಲೇಬೇಕು, ಏಕೆಂದರೆ ನಿಮ್ಮ ಚಿಕ್ಕಮ್ಮನವರಂಥವರ ಗೊಂದಲದ ಬೇರು ಇಲ್ಲಿಯೇ ಇದೆ. ಮಾರ್ಗನ್ನರ ಆ ಜೀನಿಗೆ ಇಂದಿಗೂ ‘ವೈಟ್’ ಎಂದೇ ಹೆಸರು. ಆದರೆ ಅದರ ಕೆಲಸ ಕಣ್ಣಿಗೆ ಕೆಂಪು ಬಣ್ಣ ಬರುವಂತೆ ನೋಡಿಕೊಳ್ಳುವುದು. ಕೆಟ್ಟಾಗ ಏನಾಯಿತು ಎಂಬುದನ್ನು ನೋಡಿ ಜೀನಿಗೆ ಹೆಸರಿಡುವುದು ತಳಿವಿಜ್ಞಾನಿಗಳ ಹಳೆಯ ಚಾಳಿ. ‘ಬಿಆರ್‌ಸಿಎ’ ಎಂಬುದೂ ಬ್ರೆಸ್ಟ್ ಕ್ಯಾನ್ಸರ್ ಎಂಬುದರಿಂದ ಕತ್ತರಿಸಿ ಮಾಡಿದ ಹೆಸರು. ಹದಿಮೂರನೆಯ ಕ್ರೋಮೋಸೋಮಿನಲ್ಲಿರುವ ಬಿಆರ್‌ಸಿಎ2 ಮಾಡುವುದು ಕ್ಯಾನ್ಸರ್ ತರುವ ಕೆಲಸವನ್ನಲ್ಲ, ತುಂಡಾದ ಡಿಎನ್‌ಎ ಎಳೆಗಳನ್ನು ಬೆಸೆಯಲು ನೆರವಾಗುವ ಕೆಲಸವನ್ನು. ‘ಅವರಿಗೆ ಬಿಆರ್‌ಸಿಎ ಜೀನ್ ಇದೆಯಂತೆ’ ಎಂದು ಮದುವೆ ಮನೆಗಳಲ್ಲಿ ಪಿಸುಗುಡುವುದನ್ನು ನಾನೇ ಕೇಳಿದ್ದೇನೆ. ಅದು ಎಲ್ಲರಿಗೂ ಇದೆ, ಎರಡೆರಡು ಪ್ರತಿಗಳಿವೆ, ಇರಲೇಬೇಕು. ಪ್ರಶ್ನೆ ಇರುವುದು ಅದರ ಪಾಠ ಸರಿಯಿದೆಯೇ ಎಂಬುದರಲ್ಲಿ.

ಪಾಠ ಸರಿಯಿದೆ ಎನ್ನಬೇಕಾದರೆ ಮೂಲಪ್ರತಿ ಯಾವುದು? ಪಹಣಿಯಲ್ಲಾದರೆ ಹಿಂದಿನ ದಾಖಲೆ ಇರುತ್ತದೆ. ಮನುಷ್ಯರ ಜೀನೋಮಿಗೆ, ಅಂದರೆ ಇಡೀ ಡಿಎನ್‌ಎ ಪಾಠಕ್ಕೆ, ಅಂಥ ಮೂಲ ದಾಖಲೆ ಇಲ್ಲ. ಲ್ಯಾಬಿನವರು ನಿಮ್ಮ ಅಕ್ಕನವರ ಡಿಎನ್‌ಎಯನ್ನು ಹೋಲಿಸಿ ನೋಡುವುದು ‘ರೆಫರೆನ್ಸ್ ಜೀನೋಮ್’ ಎಂಬ ಮಾದರಿ ಪ್ರತಿಯ ಜೊತೆ. ಅದು ಕೆಲವೇ ಜನರ ಡಿಎನ್‌ಎ ತುಣುಕುಗಳನ್ನು ಹೊಲಿದು ಮಾಡಿದ್ದು. ಅದರಲ್ಲೂ ಬಹುಪಾಲು ಅಮೆರಿಕದ ಬಫಲೋ ನಗರದಲ್ಲಿ ರಕ್ತ ಕೊಟ್ಟ ಹೆಸರು ತಿಳಿಯದ ಒಬ್ಬ ದಾನಿಯದು. ಆತ ಆರೋಗ್ಯದ ಪ್ರತಿಮೂರ್ತಿ ಎಂದು ಯಾರೂ ಆರಿಸಲಿಲ್ಲ. ಸುಮಾರು 300 ಕೋಟಿ ಅಕ್ಷರಗಳ ಆ ಮಾದರಿಗೆ ಹೋಲಿಸಿದರೆ ನಮ್ಮಲ್ಲಿ ಯಾರನ್ನು ತೆಗೆದುಕೊಂಡರೂ 40ರಿಂದ 50 ಲಕ್ಷ ಜಾಗಗಳಲ್ಲಿ ವ್ಯತ್ಯಾಸ ಸಿಗುತ್ತದೆ. ಅದಲ್ಲದೆ ನಿಮ್ಮಲ್ಲಿಯೂ ನಿಮ್ಮ ಯಜಮಾನರಲ್ಲಿಯೂ ಇಲ್ಲದ, ನಿಮ್ಮ ಮಗನಲ್ಲಿಯೇ ಹೊಸದಾಗಿ ಹುಟ್ಟಿಕೊಂಡ ಬದಲಾವಣೆಗಳು ಸುಮಾರು 60ರಿಂದ 70 ಇರುತ್ತವೆ. ಅವುಗಳಲ್ಲಿ ಹೆಚ್ಚಿನವು ತಂದೆಯ ವೀರ್ಯಾಣುವಿನ ಮೂಲಕ ಬಂದಂಥವು. ಆತ ಪುಸ್ತಕದಲ್ಲಿ ಓದುತ್ತಿರುವ ಮ್ಯುಟೇಶನ್ನಿಗೆ ಆತನೇ ಉದಾಹರಣೆ.

ಹಾಲನ್ನೇ ನೋಡಿ. ಸಸ್ತನಿಗಳಲ್ಲಿ ಮರಿ ಮೊಲೆಬಿಟ್ಟ ಮೇಲೆ ಹಾಲಿನ ಸಕ್ಕರೆ ಜೀರ್ಣಿಸುವ ಲ್ಯಾಕ್ಟೇಸ್ ಕಿಣ್ವ ಕಡಿಮೆಯಾಗುತ್ತ ಹೋಗುವುದು ಸಹಜ ಕ್ರಮ. ಮನುಷ್ಯರ ಮೂಲ ಸ್ಥಿತಿಯೂ ಅದೇ. ದನ ಸಾಕಿದ ಕೆಲವು ಜನಸಮುದಾಯಗಳಲ್ಲಿ ಆ ಜೀನಿನ ಪಕ್ಕದ ಒಂದು ಅಕ್ಷರ ಬದಲಾಗಿ, ದೊಡ್ಡವರಾದ ಮೇಲೂ ಹಾಲು ಅರಗುವಂತಾಯಿತು. ಯೂರೋಪಿನಲ್ಲಿ ಹಬ್ಬಿದ ಆ ಬದಲಾವಣೆಯೇ ಭಾರತದಲ್ಲಿಯೂ ಇದೆ. ಗಾಂಧಿ ಬಜಾರಿನ ಹೋಟೆಲಿನಲ್ಲಿ ಇಬ್ಬರು ಕುಳಿತು ಹಾಲು ಕುಡಿದರು, ಒಬ್ಬರಿಗೆ ಹೊಟ್ಟೆ ಉಬ್ಬರಿಸಿತು ಎಂದರೆ ನಾವು ಉಬ್ಬರಿಸಿದವರಲ್ಲಿ ‘ದೋಷ’ ಹುಡುಕುತ್ತೇವೆ. ಪದದ ನಿಜವಾದ ಅರ್ಥದಲ್ಲಿ ಮ್ಯುಟೇಶನ್ ಇರುವುದು ಆರಾಮವಾಗಿ ಎರಡನೇ ಲೋಟ ತರಿಸಿದವರಲ್ಲಿ.

ಇಂಥ ಸಾಮಾನ್ಯ ವ್ಯತ್ಯಾಸಗಳಿಗೆ ಬೇರೆ ಹೆಸರಿರಲಿ ಎಂದು ‘ಪಾಲಿಮಾರ್ಫಿಸಂ’ ಎಂಬ ಪದ ಬಂತು. ಜನಸಮುದಾಯದಲ್ಲಿ ಶೇಕಡಾ 1ಕ್ಕಿಂತ ಹೆಚ್ಚಾಗಿ ಕಂಡರೆ ಪಾಲಿಮಾರ್ಫಿಸಂ, ಕಡಿಮೆಯಾದರೆ ಮ್ಯುಟೇಶನ್ ಎಂಬುದು ರೂಢಿಯಾಯಿತು. ನೋಡಲು ಅಚ್ಚುಕಟ್ಟಾದ ಈ ಗೆರೆಯೇ ಮುಂದೆ ತೊಡಕಾಯಿತು, ಏಕೆಂದರೆ ಓದುವವರು ಅದನ್ನು ‘ಪಾಲಿಮಾರ್ಫಿಸಂ ಎಂದರೆ ನಿರಪಾಯ, ಮ್ಯುಟೇಶನ್ ಎಂದರೆ ಅಪಾಯ’ ಎಂದು ಓದಿಕೊಂಡರು. ಕುಡಗೋಲು ಕಣ ರಕ್ತಹೀನತೆ, ಅಂದರೆ ಸಿಕಲ್ ಸೆಲ್ ಕಾಯಿಲೆಯ ಬದಲಾವಣೆಯನ್ನು ಯಾವ ಕಡೆ ಹಾಕುತ್ತೀರಿ? 1952ರಲ್ಲಿ ನಮ್ಮ ಪಕ್ಕದ ನೀಲಗಿರಿಯ ಬುಡಕಟ್ಟು ಜನರಲ್ಲಿ ಅದು ಪತ್ತೆಯಾಯಿತು. ಮಲೇರಿಯಾ ಇದ್ದ ಕಡೆಗಳಲ್ಲಿ ಒಂದು ಪ್ರತಿ ಇದ್ದವರಿಗೆ ಅದು ರಕ್ಷಣೆ ಕೊಡುತ್ತಿದ್ದುದರಿಂದ, ಹಲವು ಸಮುದಾಯಗಳಲ್ಲಿ ಶೇಕಡಾ 1ನ್ನು ಎಂದೋ ದಾಟಿದೆ. ಎಣಿಕೆಯ ಪ್ರಕಾರ ಪಾಲಿಮಾರ್ಫಿಸಂ. ಎರಡೂ ಪ್ರತಿಗಳಲ್ಲಿ ಅದೇ ಇರುವ ಮಗುವಿಗೆ ಜೀವಮಾನದ ನೋವು. ಎಷ್ಟು ಜನರಲ್ಲಿದೆ ಎಂಬುದು ಬೇರೆ ಪ್ರಶ್ನೆ, ಏನು ಮಾಡುತ್ತದೆ ಎಂಬುದು ಬೇರೆ ಪ್ರಶ್ನೆ. ಎರಡನ್ನೂ ಒಂದೇ ಪದದಲ್ಲಿ ಕಟ್ಟಹೊರಟಿದ್ದು ತಳಿವಿಜ್ಞಾನಿಗಳ ತಪ್ಪು.

ಅದಕ್ಕಾಗಿಯೇ 2015ರಲ್ಲಿ ಅಮೆರಿಕದ ವೈದ್ಯಕೀಯ ತಳಿವಿಜ್ಞಾನದ ತಜ್ಞರ ಸಂಘಟನೆಗಳು ಹೊರತಂದ ಮಾರ್ಗಸೂಚಿಯಲ್ಲಿ, ರೋಗಿಗಳ ವರದಿಯಲ್ಲಿ ಮ್ಯುಟೇಶನ್, ಪಾಲಿಮಾರ್ಫಿಸಂ ಎರಡನ್ನೂ ಬಿಟ್ಟು ‘ವೇರಿಯಂಟ್’ ಎಂದಷ್ಟೇ ಬರೆಯಿರಿ, ಅದರ ಪಕ್ಕದಲ್ಲಿ ಐದು ದರ್ಜೆಗಳಲ್ಲಿ ಒಂದನ್ನು ನಮೂದಿಸಿ ಎಂದು ಸೂಚಿಸಲಾಯಿತು. ಜಗತ್ತಿನ ಬಹಳಷ್ಟು ಲ್ಯಾಬುಗಳು ಇಂದು ಅನುಸರಿಸುವುದು ಇದನ್ನೇ. ಒಂದು ತುದಿಯಲ್ಲಿ ರೋಗಕಾರಕ, ಅದರ ಪಕ್ಕ ಬಹುಶಃ ರೋಗಕಾರಕ. ಇನ್ನೊಂದು ತುದಿಯಲ್ಲಿ ನಿರಪಾಯ, ಅದರ ಪಕ್ಕ ಬಹುಶಃ ನಿರಪಾಯ. ‘ಬಹುಶಃ’ ಎಂದರೆ ಇಲ್ಲಿ ನಾವು ಮಾತಿನಲ್ಲಿ ಹೇಳುವ ಬಹುಶಃ ಅಲ್ಲ, ಶೇಕಡಾ 90ಕ್ಕಿಂತ ಹೆಚ್ಚು ಖಾತರಿ. ಈ ನಾಲ್ಕರಲ್ಲಿ ಯಾವುದಕ್ಕೂ ಸಾಕ್ಷ್ಯ ಸಾಲದಿದ್ದರೆ ಐದನೆಯದು: ಅರ್ಥ ನಿಶ್ಚಯವಾಗದ ವ್ಯತ್ಯಾಸ. ನಿಮ್ಮ ಅಕ್ಕನವರ ವರದಿಯಲ್ಲಿರುವುದು ಇದು.

ಇದು ಪಟ್ಟಿಯಲ್ಲಿ ನಡುವೆ ಕೂತಿರುವುದರಿಂದ ಜನ ‘ಅರ್ಧ ಅಪಾಯ’ ಎಂದು ತಿಳಿಯುತ್ತಾರೆ. ಹಾಗಲ್ಲ. ಕೋರ್ಟಿನಲ್ಲಿ ವಿಚಾರಣೆ ಬಾಕಿಯಿರುವ ಪ್ರಕರಣ ಅರ್ಧ ಶಿಕ್ಷೆಯಲ್ಲ ಅಲ್ಲವೇ? ಹೊಸ ಸಾಕ್ಷ್ಯ ಬಂದು ಇಂಥ ವ್ಯತ್ಯಾಸಗಳ ದರ್ಜೆ ಬದಲಾದಾಗ ಬಹುಪಾಲು ನಿರಪಾಯದ ಕಡೆಗೇ ಹೋಗಿವೆ. ಹೀಗಿರುವುದರಿಂದಲೇ ಇದರ ಆಧಾರದ ಮೇಲೆ ಚಿಕಿತ್ಸೆಯ ತೀರ್ಮಾನ ಮಾಡಬಾರದು ಎಂದು ಅದೇ ಮಾರ್ಗಸೂಚಿ ಹೇಳುತ್ತದೆ. ಭಾರತೀಯರ ವರದಿಗಳಲ್ಲಿ ಈ ಸಾಲು ಪದೇ ಪದೇ ಬರುವುದಕ್ಕೆ ಕಾರಣ ನಮ್ಮ ಡಿಎನ್‌ಎ ಅಲ್ಲ, ದಾಖಲೆ. ಜಗತ್ತಿನ ಜೀನೋಮ್ ಸಂಗ್ರಹಗಳಲ್ಲಿ ಹೆಚ್ಚಿನ ಪಾಲು ಯೂರೋಪ್ ಮೂಲದವರದು. ನಮ್ಮಲ್ಲಿ ಸಾಮಾನ್ಯವಾಗಿರುವ ನಿರಪಾಯ ವ್ಯತ್ಯಾಸವೂ ಅಲ್ಲಿ ಅಪರಿಚಿತವಾಗಿ ಕಂಡು ಅನುಮಾನಕ್ಕೆ ಒಳಗಾಗುತ್ತದೆ. ಈ ಕೊರತೆ ತುಂಬಲು ಹೊರಟ ‘ಜೀನೋಮ್ ಇಂಡಿಯಾ’ ಯೋಜನೆಯನ್ನು ಸಂಯೋಜಿಸಿದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿರುವ ಮಿದುಳು ಸಂಶೋಧನಾ ಕೇಂದ್ರ. 10,000 ಭಾರತೀಯರ ಜೀನೋಮುಗಳ ಆ ಮಾಹಿತಿಯನ್ನು 2025ರ ಜನವರಿಯಲ್ಲಿ ಸಂಶೋಧಕರಿಗೆ ತೆರೆಯಲಾಯಿತು.

ಕನ್ನಡ ಪದಗಳ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳದೆ ಮುಂದೆ ಹೋಗಲು ಮನಸ್ಸಾಗುವುದಿಲ್ಲ. ಪಠ್ಯಗಳ ‘ಉತ್ಪರಿವರ್ತನೆ’ ಅರ್ಥದಲ್ಲಿ ಸರಿ, ನಾಲಿಗೆಗೆ ಭಾರ. ಕೆಲವರು ಬಳಸುವ ‘ವಿಕೃತಿ’ ಸಾಂಖ್ಯ ದರ್ಶನದವರಿಗೆ ಪ್ರಕೃತಿಯಿಂದ ಹುಟ್ಟಿದ ಮಾರ್ಪಾಡು ಮಾತ್ರ, ಪಂಚಾಂಗದಲ್ಲಿ ಒಂದು ಸಂವತ್ಸರದ ಹೆಸರೂ ಹೌದು. ಇಂದಿನ ಆಡುಮಾತಿನಲ್ಲಿ ಮಾತ್ರ ‘ವಿಕೃತ’ ಎಂದರೆ ಕೇಳಿದವರು ಹಿಂದೆ ಸರಿಯುತ್ತಾರೆ. ರೋಗಿಯ ಎದುರು ಆ ಪದ ಬೇಡವೇ ಬೇಡ. ಕೊರೊನಾ ಕಾಲದಲ್ಲಿ ಪತ್ರಿಕೆಗಳು ಚಲಾವಣೆಗೆ ತಂದ ‘ರೂಪಾಂತರಿ’ ಜನರ ಬಾಯಲ್ಲಿ ಚೆನ್ನಾಗಿ ಕೂತಿತು, ಆದರೆ ಅದು ಬದಲಾದ ಇಡೀ ವೈರಸ್ಸಿಗೆ ಹೇಳುವ ಮಾತು. ಮನುಷ್ಯರ ಜೀನಿನಲ್ಲಿನ ಒಂದಕ್ಷರದ ಬದಲಾವಣೆಗೆ ‘ವ್ಯತ್ಯಾಸ’ ಸಾಕು ಎಂಬುದು ನನ್ನ ಅಭಿಪ್ರಾಯ. ‘ಪಾಠಾಂತರ’ ಎನ್ನೋಣವೆಂದು ನನಗೆ ಬಹಳ ಆಸೆಯಿದೆ. ಹಳಗನ್ನಡ ಕಾವ್ಯದ ಓಲೆಪ್ರತಿಗಳನ್ನು ಹೋಲಿಸುವವರು ತಪ್ಪು ಸರಿ ಎನ್ನುವ ಮೊದಲು ಇಂಥ ಪ್ರತಿಯಲ್ಲಿ ಹೀಗಿದೆ ಎಂದು ಅಡಿಟಿಪ್ಪಣಿ ಹಾಕುವ ಕ್ರಮ ನಮ್ಮ ಲ್ಯಾಬುಗಳ ಕೆಲಸಕ್ಕೆ ತೀರಾ ಹತ್ತಿರವಾದದ್ದು. ಆದರೆ ಯಾರೂ ಒಪ್ಪಿಲ್ಲ.

ಇನ್ನು ನಿಮ್ಮ ಕೈಯಲ್ಲಿರುವ ಕಾಗದ. ಆ ಪರೀಕ್ಷೆ ರಕ್ತದಿಂದ ಮಾಡಿದ್ದೇ, ಶಸ್ತ್ರಚಿಕಿತ್ಸೆಯಲ್ಲಿ ತೆಗೆದ ಗಡ್ಡೆಯಿಂದ ಮಾಡಿದ್ದೇ ಎಂಬುದನ್ನು ಮೊದಲು ನೋಡಿ. ಗಡ್ಡೆಯಲ್ಲಿ ಸಿಗುವ ಬದಲಾವಣೆ ಆ ಗಡ್ಡೆಯ ಕೋಶಗಳಿಗೆ ಮಾತ್ರ ಸೀಮಿತವಾಗಿರಬಹುದು. ಬೆಂಗಳೂರಿನ ಕಾಂಪೌಂಡುಗಳ ಮೇಲೆ ಒಂದೇ ಗಿಡದಲ್ಲಿ ಬಿಳಿಯ ಗೊಂಚಲೂ ಗುಲಾಬಿಯ ಗೊಂಚಲೂ ಬಿಡುವ ಕಾಗದದ ಹೂವಿನ ಬಳ್ಳಿಯನ್ನು ನೀವು ನೋಡಿರುತ್ತೀರಿ; ‘ಮೇರಿ ಪಾಮರ್’ ಎಂಬ ಆ ತಳಿ ಹುಟ್ಟಿದ್ದು ಮೊಗ್ಗೊಂದರಲ್ಲಿ ಆದ ಬದಲಾವಣೆಯಿಂದ. ಒಂದು ರೆಂಬೆಯಲ್ಲಿ ಆದದ್ದು ಇಡೀ ಗಿಡಕ್ಕೆ ಸೇರದಂತೆ ಗಡ್ಡೆಯಲ್ಲಿ ಆದದ್ದು ಒಡಹುಟ್ಟಿದವರಿಗೆ ಸಂಬಂಧಿಸದಿರಬಹುದು. ಪೌತಿ ಖಾತೆಯಂತೆ ಇಳಿದುಬರುವುದು ಅಂಡಾಣು ವೀರ್ಯಾಣುಗಳಲ್ಲಿ ಇರುವಂಥದ್ದು ಮಾತ್ರ. ಗಡ್ಡೆಯ ವರದಿಗಳಲ್ಲಿ ‘ವೈಲ್ಡ್ ಟೈಪ್’ ಎಂದು ಕಂಡರೆ ಗಾಬರಿಯಾಗಬೇಡಿ. ಆ ಜಾಗದಲ್ಲಿ ಬದಲಾವಣೆ ಇಲ್ಲ ಎಂಬುದನ್ನು ತಳಿವಿಜ್ಞಾನಿಗಳು ಹೇಳುವ ರೀತಿ ಅದು.

ಆಮೇಲೆ ಆ ವ್ಯತ್ಯಾಸದ ಸಂಕೇತ. ಸಿಕಲ್ ಸೆಲ್ಲಿನದು ‘ಸಿ.20ಎ>ಟಿ, ಪಿ.ಗ್ಲು7ವಾಲ್’ ಎಂದಿರುತ್ತದೆ: ಜೀನಿನ ಸಂಕೇತ ಭಾಗದ 20ನೆಯ ಅಕ್ಷರ ಎ ಹೋಗಿ ಟಿ ಆಗಿದೆ, ಅದರಿಂದ ಪ್ರೋಟೀನಿನ 7ನೆಯ ಜಾಗದಲ್ಲಿ ಗ್ಲುಟಾಮಿಕ್ ಆಮ್ಲದ ಬದಲು ವ್ಯಾಲಿನ್ ಬಂದಿದೆ ಎಂದರ್ಥ. ಹಳೆಯ ಪುಸ್ತಕಗಳಲ್ಲಿ, ನಿಮ್ಮ ಮಗನದರಲ್ಲಿ ಕೂಡ, ಇದೇ ಬದಲಾವಣೆ 6ನೆಯ ಜಾಗದ್ದು. ಪ್ರೋಟೀನು ಸಿದ್ಧವಾಗುವಾಗ ಕಳಚಿಬೀಳುವ ಮೊದಲ ಮೀಥಿಯೋನಿನ್ನನ್ನು ಈಗ ಎಣಿಕೆಗೆ ಸೇರಿಸುತ್ತಾರೆ, ಆಗ ಸೇರಿಸುತ್ತಿರಲಿಲ್ಲ, ಅಷ್ಟೇ. ಅಕ್ಕನವರ ವರದಿಯಲ್ಲಿಯೂ ಇಂಥದೊಂದು ಸಾಲು ಇದೆ. ಎಲ್ಲಕ್ಕಿಂತ ಜೋಪಾನ ಮಾಡಬೇಕಾದದ್ದು ಅದು. ಮುಂದೆ ಯಾವ ತಜ್ಞರು ನೋಡಿದರೂ ಅದನ್ನೇ ಹುಡುಕುತ್ತಾರೆ.

ನೀವು ಆ ವ್ಯತ್ಯಾಸಕ್ಕಾಗಿ ಪರೀಕ್ಷೆ ಮಾಡಿಸಬೇಕಾಗಿಲ್ಲ. ಇದೆ ಎಂದಾದರೂ ಇಲ್ಲವೆಂದಾದರೂ ಅದರಿಂದ ನಿಮ್ಮ ಅಪಾಯ ಹೆಚ್ಚು ಕಡಿಮೆ ಎಂದು ಹೇಳಲು ಬರುವುದಿಲ್ಲ. ಕೆಲವು ಲ್ಯಾಬುಗಳು ಸಾಕ್ಷ್ಯ ಕೂಡಿಸಲು ಮನೆಯವರ ರಕ್ತ ಕೇಳುವುದುಂಟು. ಕೊಡುವುದಾದರೆ ಅದು ಅವರ ಅಧ್ಯಯನಕ್ಕೆ ಎಂದು ತಿಳಿದು ಕೊಡಿ. ಮಾಡಬೇಕಾದದ್ದು ಬೇರೆ. ಮನೆಯಲ್ಲಿ ಕ್ಯಾನ್ಸರ್ ಬಂದವರ ವಯಸ್ಸಿಗಿಂತ ಹತ್ತು ವರ್ಷ ಮೊದಲೇ ಹತ್ತಿರದ ಬಂಧುಗಳ ತಪಾಸಣೆ ಶುರುವಾಗಲಿ ಎಂಬುದು ವೈದ್ಯರು ಸಾಮಾನ್ಯವಾಗಿ ಪಾಲಿಸುವ ಕ್ರಮ. ಆ ಲೆಕ್ಕದಲ್ಲಿ ನಿಮಗೆ 36ಕ್ಕೇ ಮ್ಯಾಮೋಗ್ರಾಂ, ಅಂದರೆ ಸ್ತನದ ಎಕ್ಸ್‌-ರೇ, ವಿಷಯ ಬರಬೇಕಿತ್ತು. ಈ ತಿಂಗಳೇ ವೈದ್ಯರನ್ನು ಕಂಡು ಕೇಳಿ. ಹೋಗುವ ಮುನ್ನ ತಾಯಿಯ ಕಡೆ, ತಂದೆಯ ಕಡೆ ಎರಡನ್ನೂ ವಿಚಾರಿಸಿ ಯಾರಿಗೆ ಯಾವ ವಯಸ್ಸಿನಲ್ಲಿ ಯಾವ ಕ್ಯಾನ್ಸರ್ ಎಂದು ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಅಂಡಾಶಯ, ಮೇದೋಜೀರಕ ಗ್ರಂಥಿ, ಗಂಡಸರ ಸ್ತನದ ಕ್ಯಾನ್ಸರುಗಳನ್ನು ಬಿಡಬೇಡಿ. ‘ಹೆಂಗಸರ ಕಾಯಿಲೆ, ಅಪ್ಪನ ಕಡೆ ಯಾಕೆ’ ಎಂದು ಎಷ್ಟೋ ಮನೆಗಳಲ್ಲಿ ಅರ್ಧ ವಂಶವನ್ನೇ ಬಿಟ್ಟುಬಿಡುತ್ತಾರೆ. ಈ ಜೀನ್ ತಂದೆಯಿಂದಲೂ ಅಷ್ಟೇ ಬರುತ್ತದೆ.

ಅಕ್ಕನವರ ವರದಿಯ ಮೂಲಪ್ರತಿಯನ್ನು ದಿನಾಂಕ ಕಾಣುವಂತೆ ಮನೆಪತ್ರಗಳ ಕಡತದಲ್ಲಿಯೇ ಇಡಿ. ಒಂದೆರಡು ವರ್ಷಕ್ಕೊಮ್ಮೆ ಪರೀಕ್ಷೆ ಮಾಡಿದ ಲ್ಯಾಬಿಗೋ ಇಂಥ ವರದಿಗಳ ಬಗ್ಗೆ ಸಲಹೆ ಕೊಡುವ ಜೆನೆಟಿಕ್ ಕೌನ್ಸೆಲರ್ ಬಳಿಗೋ ಆ ಸಂಕೇತವನ್ನು ಒಯ್ದು, ದರ್ಜೆ ಬದಲಾಗಿದೆಯೇ ಎಂದು ಕೇಳಿ. ಅವರಾಗಿಯೇ ಫೋನ್ ಮಾಡಿ ಹೇಳುತ್ತಾರೆ ಎಂದು ಕಾಯಬೇಡಿ. ಚಿಕ್ಕಮ್ಮನವರು ಮತ್ತೆ ಕೇಳಿದರೆ, ‘ವರದಿಯಲ್ಲಿ ಮ್ಯುಟೇಶನ್ ಎಂದಿಲ್ಲ ಚಿಕ್ಕಮ್ಮ, ವ್ಯತ್ಯಾಸ ಎಂದಷ್ಟೇ ಇದೆ, ಅದರ ಅರ್ಥ ಇನ್ನೂ ನಿಶ್ಚಯವಾಗಿಲ್ಲವಂತೆ’ ಎನ್ನಿ. ಅವರೂ ಮ್ಯಾಮೋಗ್ರಾಂ ಮಾಡಿಸಿಕೊಂಡಿದ್ದಾರೆಯೇ ಎಂದು ಆಗಲೇ ಕೇಳಿಬಿಡಿ.